ಬ್ಯಾಟರಿ ಬದಲಾಗಿದೆ ಎಂದ ದಿನ

ಆ ಗಾಡಿಯನ್ನು ಮೊದಲ ಸಲ ನನ್ನ ಅಂಗಡಿಗೆ ತಂದವನು ಅದರ ಡ್ರೈವರ್. ಎರಡು ಸಾವಿರದ ಇಸವಿ ದಾಟಿ ನಾಲ್ಕೈದು ವರ್ಷ ಆಗಿತ್ತು. ಪುಣೆಯಲ್ಲಿ ದೊಡ್ಡ ಮೈಯ ಹೊಸ ಡೀಸೆಲ್ ಗಾಡಿಗಳು ಹೆಚ್ಚುತ್ತಿದ್ದ ಕಾಲ. ಬಾನೆಟ್ ಎತ್ತಿದರೆ ಒಳಗೆ ಕೈ ಹಾಕಲು ಜಾಗವಿಲ್ಲ, ಎಲ್ಲೆಲ್ಲೂ ವೈರು, ನಡುವೆ ಒಂದು ಕಂಪ್ಯೂಟರ್ ಡಬ್ಬಿ. ನಾನು ಆಟೋ ಇಲೆಕ್ಟ್ರಿಷಿಯನ್. ತೊಂಬತ್ತರ ದಶಕದ ಮೊದಲಲ್ಲಿ ಕಲಬುರಗಿ ಕಡೆಯಿಂದ ಸೋದರಮಾವನ ಜೊತೆ ಬಂದವನು. ಮಾವ ಕಟ್ಟಡ ಕೆಲಸಕ್ಕೆ ಹೋದರೆ ನಾನು ಒಂದು ಶೆಡ್ಡಿನಲ್ಲಿ ಕುಳಿತು ಟ್ರಕ್ಕುಗಳ ಡೈನಮೋಗೆ ತಂತಿ ಸುತ್ತುವುದನ್ನು ಕಲಿತೆ. ಕರೆಂಟು ಬರುತ್ತಿದೆಯೇ ಎಂದು ನೋಡಲು ಎರಡು ವೈರು ಕಟ್ಟಿದ ಒಂದು ಬಲ್ಬು, ಅಷ್ಟೇ ಆಗ ನಮ್ಮ ಹತ್ತಿರ ಇದ್ದದ್ದು. ಮುಂದೆ ಹಡಪಸರದಲ್ಲಿ ಸ್ವಂತ ಅಂಗಡಿ ಹಾಕಿದೆ, ಡಿಜಿಟಲ್ ಮೀಟರ್ ತಂದೆ. ಬಾನೆಟ್ ಎತ್ತಿದ ಕೂಡಲೇ ದೋಷ ಹೇಳುವವನು ಎಂದು ಜನ ನನ್ನ ಬಗ್ಗೆ ಮಾತಾಡುತ್ತಿದ್ದರು. ಆ ಮಾತು ನನ್ನ ಕಿವಿಗೂ ಬೀಳುತ್ತಿತ್ತು.

ಡ್ರೈವರ್ ನನ್ನದೇ ವಯಸ್ಸಿನವನು, ನಮ್ಮ ಕಡೆಯವನೇ. ನಾನು ಯಾರ ಜೊತೆಗೋ ಕನ್ನಡದಲ್ಲಿ ಮಾತಾಡುವುದನ್ನು ಕೇಳಿ ಅವನ ಮುಖ ಅರಳಿತು.

"ಅಣ್ಣಾರ, ಡ್ಯಾಶ್‌ಬೋರ್ಡಿನಾಗ ಬ್ಯಾಟರಿ ಲೈಟ್ ಹತ್ಲಾಕತ್ತದ್ರಿ," ಅಂದ.

"ಯಾವಾಗಲೂ ಹತ್ತತದೇನು?"

"ಇಲ್ರಿ. ಪೂರ್ತಿನೂ ಹತ್ತಂಗಿಲ್ಲ. ಏರಿನಾಗ ಫಸ್ಟ್ ಗೇರ್ ಹಾಕಿ ಜೋರು ಕೊಟ್ರ ಮಿಣಮಿಣ ಅಂತದ. ಸಪಾಟ್ ರೋಡಿಗಿ ಬಂದ್ರ ಆರ್ತದ. ನೀವು ಒಂದ್ ಸಲ ಬಾಜೂಕ ಕುಂತು ನೋಡ್ರಿ, ತೋರಸ್ತೀನಿ."

ಅಂಗಡಿ ಮುಂದೆ ಮೂರು ಗಾಡಿ ನಿಂತಿದ್ದವು. ಪಕ್ಕದಲ್ಲಿ ಕುಳಿತು ಏರು ಹುಡುಕಿಕೊಂಡು ಹೋಗಲು ನನಗೆ ಪುರುಸೊತ್ತಿರಲಿಲ್ಲ. ನಿಂತಲ್ಲೇ ಇಂಜಿನ್ ಚಾಲೂ ಮಾಡಿಸಿ ಬ್ಯಾಟರಿಗೆ ಮೀಟರ್ ಹಿಡಿದೆ. ಹದಿನಾಲ್ಕು ವೋಲ್ಟ್ ತೋರಿಸಿತು. ಬೇಕಾದದ್ದೂ ಅಷ್ಟೇ.

"ಚಾರ್ಜಿಂಗ್ ಬರೋಬ್ಬರಿ ಅದ. ಹೊಸ ಗಾಡಿಗೋಳು ಹಿಂಗೇ, ಸುಮ್ ಸುಮ್ಕ ಲೈಟ್ ಹಚ್ಚತಾವ," ಎಂದು ಕಳಿಸಿಬಿಟ್ಟೆ.

ವಾರದೊಳಗೆ ಮತ್ತೆ ಬಂದ. ಅದೇ ಮಾತು ಹೇಳಿದ, ಪಕ್ಕದಲ್ಲಿ ಕೂರಲು ಮತ್ತೆ ಕರೆದ. ನಾನು ಮತ್ತೆ ನಿಂತಲ್ಲೇ ಮೀಟರ್ ಹಿಡಿದು ಅದೇ ಉತ್ತರ ಕೊಟ್ಟೆ.

ಮೂರನೇ ಸಲ ಅವನ ಜೊತೆ ಗಾಡಿಯ ಮಾಲೀಕನೂ ಬಂದ. ಬಿಬವೇವಾಡಿಯಲ್ಲಿ ಟೈಲ್ಸ್ ವ್ಯಾಪಾರ ಮಾಡುವ ಮರಾಠಿ ಶೇಠ. ಆ ದಿನ ಬೆಳಿಗ್ಗೆ ಮಗಳನ್ನು ಪರೀಕ್ಷೆಗೆ ಬಿಡಲು ಹೊರಟರೆ ಗಾಡಿ ಸ್ಟಾರ್ಟ್ ಆಗಿರಲಿಲ್ಲ. ರಿಕ್ಷಾ ಹಿಡಿದು ಓಡಿದ್ದರಂತೆ, ಹುಡುಗಿ ಅಳುತ್ತಲೇ ಒಳಗೆ ಹೋದಳಂತೆ. ಆಮೇಲೆ ಬೇರೆ ಗಾಡಿಯ ಬ್ಯಾಟರಿಯಿಂದ ಕೇಬಲ್ ಹಾಕಿ ಇದನ್ನು ಎಬ್ಬಿಸಿ ನೇರ ನನ್ನಲ್ಲಿಗೆ ತಂದಿದ್ದರು. ಎಲ್ಲ ಸರಿ ಇದೆ ಎಂದು ಎರಡು ಸಲ ಹೇಳಿದವರು ನೀವೇ ತಾನೇ ಎಂದು ಶೇಠ ಎಲ್ಲರೆದುರು ಕೇಳಿದ. ಸುತ್ತ ನಿಂತ ನಾಲ್ಕೈದು ಗಿರಾಕಿಗಳು ನನ್ನನ್ನು ನೋಡಿದರು.

ಏನಾದರೂ ಹೇಳಲೇಬೇಕಿತ್ತು. ಬಾನೆಟ್ ಎತ್ತಿದೆ. ಬ್ಯಾಟರಿ ಕಣ್ಣಿಗೆ ಬಿತ್ತು. ಆ ಗಾಡಿಗೆ ಕಾರ್ಖಾನೆಯಿಂದ ಬರುವ ಬ್ಯಾಟರಿ ಅದಾಗಿರಲಿಲ್ಲ. ಮೇಲೆ ಗೀರುಗಳಿದ್ದವು, ಅಳತೆಗೆ ಹೊಂದದ ಪಟ್ಟಿ ಬಿಗಿದಿತ್ತು.

"ಶೇಠ್, ಈ ಬ್ಯಾಟರಿ ಕಂಪನಿಯದಲ್ಲ. ಬದಲಾಗಿದೆ," ಎಂದು ಮರಾಠಿಯಲ್ಲಿ ಹೇಳಿದೆ.

"ಬದಲಾಗಿದೆಯಾ? ಬದಲಿಸಿದವರು ಯಾರು?"

ನನಗೆ ಗೊತ್ತಿಲ್ಲ ಅನ್ನಬಹುದಿತ್ತು. ನಾನು ಅಂದದ್ದು, "ಗಾಡಿ ಯಾರ ಕೈಯಲ್ಲಿ ಇರುತ್ತದೋ ಅವರಿಗೇ ಗೊತ್ತಿರಬೇಕು."

ಡ್ರೈವರ್ ಬಾನೆಟ್ಟಿನ ಆಚೆ ಬದಿಯಲ್ಲಿ ಬಟ್ಟೆ ಹಿಡಿದು ನಿಂತಿದ್ದ. "ಸಾಹೇಬ್, ನಾನು ಕೆಲಸಕ್ಕೆ ಬಂದಾಗಿನಿಂದ ಇದೇ ಬ್ಯಾಟರಿ ಇದೆ," ಎಂದು ತನ್ನ ಮುರುಕು ಮರಾಠಿಯಲ್ಲಿ ಹೇಳಿದ. ಶೇಠ ಕೇಳಿಸಿಕೊಳ್ಳಲಿಲ್ಲ. ಒಳ್ಳೆಯ ಬ್ಯಾಟರಿ ಮಾರಿಕೊಂಡು ಹಳೆಯದನ್ನು ಕೂರಿಸಿದ್ದಾನೆ ಎಂದು ಕೂಗಾಡಿದ. ಕೊನೆಗೆ ಕೀಲಿಗಾಗಿ ಕೈ ಚಾಚಿದ. ಡ್ರೈವರ್ ಕೀಲಿ ಕೊಟ್ಟ. ಸೀಟಿನ ಹಿಂದಿನಿಂದ ತನ್ನ ಊಟದ ಡಬ್ಬಿಯನ್ನೂ ಟವೆಲನ್ನೂ ತೆಗೆದುಕೊಂಡ. ಹೋಗುವ ಮೊದಲು ನನ್ನ ಕಡೆ ನೋಡಿದ. ನಾನು ಬಾನೆಟ್ಟಿನೊಳಗೆ ಬಗ್ಗಿ, ಆಗಲೇ ಬಿಗಿಯಾಗಿದ್ದ ಒಂದು ನಟ್ಟನ್ನು ಮತ್ತೆ ಬಿಗಿಯುತ್ತಿದ್ದೆ.

ಹೊಸ ಬ್ಯಾಟರಿ ಹಾಕಿ ಕಳಿಸಿದೆ. ಮೂರು ವಾರಕ್ಕೆ ಲೈಟು ಮತ್ತೆ ಬಂತು. ಈ ಸಲ ಕರೆಂಟು ಹುಟ್ಟಿಸುವ ಆಲ್ಟರ್ನೇಟರ್ ಬಿಚ್ಚಿದೆ, ಬ್ರಶ್ ಬದಲಿಸಿದೆ, ರೆಗ್ಯುಲೇಟರನ್ನೂ ಬದಲಿಸಿದೆ. ಹತ್ತು ದಿನಕ್ಕೆ ಮತ್ತೆ ಲೈಟು. ಶೇಠ ಈಗ ತಾನೇ ಗಾಡಿ ಓಡಿಸುತ್ತಿದ್ದ. ಅವನು ಮೊದಲಿನಷ್ಟು ಕೂಗಾಡಲಿಲ್ಲ, "ಕುಳಿತುಕೊಳ್ಳಿ, ತೋರಿಸುತ್ತೇನೆ," ಅಂದ. ಶೇಠ ಕರೆದಾಗ ನನಗೆ ಪುರುಸೊತ್ತಿತ್ತು. ಕುಳಿತೆ.

ಬಿಬವೇವಾಡಿಯ ಏರಿನಲ್ಲಿ ಅವನು ಫಸ್ಟ್ ಗೇರ್ ಹಾಕಿ ಒತ್ತಿದ ಕೂಡಲೇ ಡ್ಯಾಶ್‌ಬೋರ್ಡಿನ ಕೆಂಪು ಬ್ಯಾಟರಿ ದೀಪ ಸಣ್ಣಗೆ ಕಂಡಿತು. ಪೂರ್ತಿ ಹತ್ತಲಿಲ್ಲ. ಮಿಣಮಿಣ ಅಂದಿತು. ಏರು ಮುಗಿದ ಮೇಲೆ ಆರಿತು.

ನನಗೆ ಅಲ್ಲೇ ಗೊತ್ತಾಯಿತು. ಆ ದೀಪಕ್ಕೆ ಒಂದು ಕಡೆಯಿಂದ ಬ್ಯಾಟರಿ, ಇನ್ನೊಂದು ಕಡೆಯಿಂದ ಆಲ್ಟರ್ನೇಟರ್ ಕರೆಂಟು ಕೊಡುತ್ತವೆ. ಎರಡೂ ಸಮ ಇದ್ದರೆ ದೀಪ ಆರಿರುತ್ತದೆ. ಆಲ್ಟರ್ನೇಟರ್ ಸತ್ತರೆ ಪೂರ್ತಿ ಉರಿಯುತ್ತದೆ. ಮಂಕಾಗಿ ಉರಿದರೆ ಎರಡೂ ಜೀವಂತ ಇವೆ, ಆದರೆ ಆಲ್ಟರ್ನೇಟರಿನಲ್ಲಿ ಹುಟ್ಟಿದ್ದು ಬ್ಯಾಟರಿಗೆ ತಲುಪುತ್ತಿಲ್ಲ ಎಂದರ್ಥ. ಇದು ಶೆಡ್ಡಿನಲ್ಲಿ ಕುಳಿತಾಗಲೇ ನಾನು ಕಲಿತಿದ್ದ ಪಾಠ. ಗಾಡಿ ಹೊಸದು, ಕಂಪ್ಯೂಟರ್ ಇದೆ, ದೋಷವೂ ದೊಡ್ಡದೇ ಇರಬೇಕು ಎಂದುಕೊಂಡು ಅದನ್ನು ಮರೆತಿದ್ದೆ.

ಅಂಗಡಿಗೆ ಬಂದು, ಇಂಜಿನ್ ಚಾಲೂ ಇಟ್ಟು, ಕಬ್ಬಿಣದ ಸಬ್ಬಲಿನಿಂದ ಮೀಟಿ ಇಂಜಿನನ್ನು ಒಂದು ಬದಿಗೆ ಸ್ವಲ್ಪ ವಾಲಿಸಿ ಹಿಡಿದೆ. ಏರಿನಲ್ಲಿ ಜೋರು ಕೊಟ್ಟಾಗ ಇಂಜಿನ್ ವಾಲುವುದೂ ಹಾಗೆಯೇ. ಆಲ್ಟರ್ನೇಟರಿನ ಬೆನ್ನಿಗೆ ಮೀಟರ್ ಹಿಡಿದರೆ ಹದಿನೈದರ ಹತ್ತಿರ, ಬ್ಯಾಟರಿಗೆ ಹಿಡಿದರೆ ಹನ್ನೆರಡು. ನಡುವಿನ ದಪ್ಪ ವೈರು ಅದನ್ನು ಹಿಡಿದಿಡುವ ಒಂದು ಕ್ಲಾಂಪಿಗೆ ತಿಕ್ಕಿ ತಿಕ್ಕಿ ಸವೆದಿತ್ತು. ಕೊಯ್ದು ನೋಡಿದೆ. ತಾಮ್ರ ಹಸಿರು ಪುಡಿಯಾಗಿತ್ತು, ಏಳೆಂಟು ಎಳೆ ಮಾತ್ರ ಉಳಿದಿದ್ದವು. ಇಂಜಿನ್ ವಾಲಿದರೆ ಅವೂ ಬಿಡುತ್ತಿದ್ದವು. ನಿಂತ ಗಾಡಿಯಲ್ಲಿ ನನ್ನ ಮೀಟರಿಗೆ ಅದು ಸಿಗುವಂತಿರಲಿಲ್ಲ. ವೈರು ಬದಲಿಸಲು ಅರ್ಧ ಗಂಟೆ ಸಾಕಾಯಿತು.

ಕೈ ಒರೆಸಿಕೊಳ್ಳುತ್ತ ಶೇಠನನ್ನು ಕೇಳಿದೆ, "ಆ ಹಳೇ ಬ್ಯಾಟರಿ ವಿಷಯ ಏನಾಯಿತು?"

"ಅದಾ? ಮೊನ್ನೆ ಡ್ರಾಯರಿನಲ್ಲಿ ಗ್ಯಾರಂಟಿ ಕಾರ್ಡ್ ಸಿಕ್ಕಿತು. ಕೊಲ್ಹಾಪುರಕ್ಕೆ ಮದುವೆಗೆ ಹೋದಾಗ ನನ್ನ ತಮ್ಮನೇ ಬದಲಾಯಿಸಿದ್ದನಂತೆ. ನನಗೆ ನೆನಪೇ ಇರಲಿಲ್ಲ."

"ಹಾಗಾದರೆ ಡ್ರೈವರ್? ನಾನು ತಪ್ಪು ಹೇಳಿದೆ ಶೇಠ್. ಅವನನ್ನು ವಾಪಸ್ ಕರೆಯಿರಿ."

"ಈಗ ನಾನೇ ಓಡಿಸುತ್ತಿದ್ದೇನೆ, ಇದೇ ಚೆನ್ನಾಗಿದೆ. ಆದದ್ದು ಆಯಿತು ಬಿಡಿ. ನೀವೇನೂ ಅವನ ಹೆಸರು ಹೇಳಲಿಲ್ಲವಲ್ಲ."

ಹೌದು, ಹೆಸರು ಹೇಳಿರಲಿಲ್ಲ. ಅದನ್ನೇ ಕೆಲವು ದಿನ ನನಗೆ ನಾನೇ ಹೇಳಿಕೊಂಡೆ. ಆಮೇಲೊಂದು ಸಂಜೆ ಹೆಂಡತಿಗೆ ಎಲ್ಲ ಹೇಳಿದೆ. ಅವಳು ಹಿಟ್ಟು ನಾದುವುದನ್ನು ನಿಲ್ಲಿಸಿ, "ನನ್ ಮುಂದ ಯಾಕ ಹೇಳ್ತೀರಿ? ಆ ಡ್ರೈವರ್ ಮುಂದ ಹೋಗಿ ಹೇಳ್ರಿ," ಅಂದಳು.

ಕಾಲುವೆ ಪಕ್ಕದ ಸಾಲು ಕೋಣೆಗಳಲ್ಲಿ ನಮ್ಮ ಕಡೆಯ ಜನ ಇರುತ್ತಿದ್ದರು. ಅಲ್ಲಿ ವಿಚಾರಿಸಿದೆ. ಅವನ ಕೋಣೆಯಲ್ಲಿ ಬೇರೆ ಸಂಸಾರ ಇತ್ತು. ಕಳ್ಳ ಎಂಬ ಮಾತು ಹಬ್ಬಿದ ಮೇಲೆ ಯಾರೂ ಓಡಿಸಲು ಗಾಡಿ ಕೊಡಲಿಲ್ಲ, ಹೆಂಡತಿ ಮಕ್ಕಳನ್ನು ಕರೆದುಕೊಂಡು ಪುಣೆಯಾಚೆ ಕಾರ್ಖಾನೆಗಳಿರುವ ಚಾಕಣಕ್ಕೆ ಹೋದ ಎಂದು ಪಕ್ಕದ ಹೆಣ್ಣುಮಗಳು ಹೇಳಿದಳು. ಕಾರ್ಖಾನೆಯ ಹೆಸರನ್ನೂ ಹೇಳಿದಳು. ಮರುದಿನವೇ ಹೋಗಬಹುದಿತ್ತು. ಕೆಲಸ ಇದೆ, ಮಳೆ ಇದೆ ಅನ್ನುತ್ತ ನಾಲ್ಕು ತಿಂಗಳು ತಳ್ಳಿದೆ.

ಕೊನೆಗೆ ಹೋದೆ. ಅವನು ಗಾಡಿಗಳ ಬಿಡಿಭಾಗ ಮಾಡುವ ಕಾರ್ಖಾನೆಯಲ್ಲಿ ಟ್ರಕ್ಕಿಗೆ ಪೆಟ್ಟಿಗೆ ಏರಿಸುತ್ತಿದ್ದ. ಊಟದ ಹೊತ್ತಿಗೆ ಗೇಟಿನ ಹೊರಗೆ ಬಂದ. ನನ್ನನ್ನು ಕಂಡು ಹತ್ತಿರ ಬಂದ.

"ಆರಾಮ ಇದ್ದೀರೇನ್ರಿ ಅಣ್ಣಾರ?" ಅಂದ.

ಚಹಾದ ಗಾಡಿ ಹತ್ತಿರ ನಿಂತು ಬ್ಯಾಟರಿಯ ವಿಷಯ, ಶೇಠನ ತಮ್ಮನ ವಿಷಯ ಎಲ್ಲ ಹೇಳಿದೆ. "ನನ್ದು ತಪ್ಪಾಯ್ತು," ಅಂದೆ.

ಅವನು ಲೋಟ ತಿರುಗಿಸುತ್ತ ಹೇಳಿದ, "ಶೇಠ ಸಿಟ್ಟಿನ ಮನಿಷಾ ರಿ. ಅವನ ಮಾತು ನಾ ಮನಸಿಗಿ ಹಚ್ಕೊಂಡಿಲ್ಲ. ನೀವು ಎರಡು ಸಲ ನನ್ ಸಂಗಟ ನಮ್ ಮಾತಿನಾಗ ಮಾತಾಡಿದ್ರಿ. ಅವತ್ತ ಮಾತ್ರ ಮರಾಠಿಯೊಳಗ ಅವನಿಗೇ ಹೇಳಿದ್ರಿ. ನನ್ ಕಡಿ ತಿರುಗಿ, ಏನಪಾ, ಇದು ಯಾವಾಗ ಬದಲಾಗ್ಯದ ಅಂತ ಒಂದ್ ಮಾತು ಕೇಳಲಿಲ್ಲ."

"ನನಗ ಪರಿಚಯದವರು ಭಾಳ ಮಂದಿ ಅದಾರ, ಎಲ್ಲ್ಯಾರ ಒಂದು ಡ್ರೈವರ್ ಕೆಲಸ ಕೊಡಸ್ತೀನಿ," ಅಂದೆ.

"ಬ್ಯಾಡ್ರಿ. ಇನ್ನೊಬ್ಬರ ಗಾಡಿ ಕೀಲಿ ಹಿಡೀಬ್ಯಾಡ್ ಅಂತ ಹೆಣ್ತಿ ಆಣಿ ಹಾಕ್ಯಾಳ." ಆಮೇಲೆ ಕೇಳಿದ, "ಖರೇ ದೋಷ ಎಲ್ಲಿತ್ರಿ ಮತ್ತ?"

ವೈರಿನ ವಿಷಯ ಹೇಳಿದೆ. ಕ್ಲಾಂಪು ಎಲ್ಲಿತ್ತು, ಹೇಗೆ ತಿಕ್ಕಿತ್ತು ಎಂದು ಬಿಡಿಸಿ ಕೇಳಿದ. ಏರಿನಲ್ಲಿ ಮಾತ್ರ ಯಾಕೆ ಹಾಗಾಗುತ್ತಿತ್ತು ಎಂದು ತಿಳಿದಾಗ ತಲೆಯಾಡಿಸಿದ.

"ಈಗ ಗಾಡಿ ಬರೋಬ್ಬರಿ ಅದೇನ್ರಿ?"

"ಅದ."

"ಛಲೋ ಆಯ್ತು. ಭಾಳ ಛಲೋ ಗಾಡಿ ಅದು," ಎಂದು ಲೋಟ ಇಟ್ಟು ಒಳಗೆ ಹೋದ. ಚಹಾದ ದುಡ್ಡು ಕೊಡಲು ಹೋದರೆ ಅವನು ಆಗಲೇ ಕೊಟ್ಟಿದ್ದ.

ಮತ್ತೆ ಅವನನ್ನು ನಾನು ನೋಡಲಿಲ್ಲ. ಶೇಠನ ಗಾಡಿ ಮಾತ್ರ ವರ್ಷಗಟ್ಟಲೆ ನನ್ನ ಅಂಗಡಿಗೇ ಬರುತ್ತಿತ್ತು. ಬೇರೆ ಯಾರಿಗೂ ಸಿಗದ ದೋಷವನ್ನು ಹುಡುಕಿದ ಮಿಸ್ತ್ರಿ ಇವರು ಎಂದು ಅವನು ತನ್ನ ಗೆಳೆಯರಿಗೆ ನನ್ನನ್ನು ತೋರಿಸುತ್ತಿದ್ದ, ಹೊಸ ಗಿರಾಕಿಗಳನ್ನು ಕಳಿಸುತ್ತಿದ್ದ. ಆ ದೋಷವನ್ನು ಮೊದಲು ಹೇಳಿದವನು ನಿಮ್ಮ ಡ್ರೈವರ್, ಎರಡು ಸಲ ಹೇಳಿದ್ದ ಎಂದು ಅವನಿಗೆ ತಿಳಿಸಬೇಕು ಅನ್ನಿಸುತ್ತಿತ್ತು. ಒಂದು ದಿನವೂ ತಿಳಿಸಲಿಲ್ಲ.