ಬಿಟ್ಟಿ ಕೂತವರಲ್ಲ ನಾವು

ಇಟಗಿಯ ತಾಯಿಯನ್ನು ನಂಬಿದ ಅಕ್ಕತಂಗಿಯರೇ, ನಮ್ಮ ಮನೆಯವರ ಬಲಗಾಲು ಬಸ್ಸಿನಡಿ ಸಿಕ್ಕು ಮುರಿದಾಗ ನನ್ನ ಸಂಸಾರ ಮುಗಿಯಿತೆಂದೇ ತಿಳಿದಿದ್ದೆ. ಏಕೀಕರಣಕ್ಕೆ ಮುಂಚಿನ ಮಾತು. ನಮ್ಮ ಸೀಮೆ ಇನ್ನೂ ಮುಂಬಯಿ ಸರ್ಕಾರದ ಕೆಳಗಿತ್ತು. ಗಜೇಂದ್ರಗಡದಿಂದ ಸಾವ್ಕಾರರೊಬ್ಬರ ಖಾಸಗಿ ಬಸ್ಸು ಓಡುತ್ತಿತ್ತು. ಸೀರೆಯ ಗಂಟು ಹೊತ್ತು ಇಬ್ಬರೂ ನರಗುಂದದ ಸಂತೆಗೆ ಹೊರಟಿದ್ದೆವು. ರೋಣದ ಹತ್ತಿರ ಹಳ್ಳದ ತಿರುವಿನಲ್ಲಿ ಬಸ್ಸು ಮಗ್ಗುಲಾಗಿ ಬಿತ್ತು. ನನಗೆ ಮೊಣಕೈ ತರಚಿತು, ಅಷ್ಟೇ. ಅವರನ್ನು ಜನ ಕೂಡಿ ಎಳೆದು ತೆಗೆದರು.

ಕಾಲು ಹೋದರೆ ನೇಕಾರನಿಗೆ ಏನುಳಿಯಿತು ಹೇಳಿ? ನಮ್ಮದು ಕುಣಿಮಗ್ಗ. ನೆಲದಲ್ಲಿ ತೋಡಿದ ಕುಣಿಯೊಳಗೆ ಕಾಲಿಳಿಸಿ ತುಳಿದರೇನೇ ಸೀರೆ. ಹುಬ್ಬಳ್ಳಿಯ ಡಾಕ್ಟರು ನೋಡಿ, "ಎಲುಬು ಸೊಟ್ಟ ಕೂಡಾಕ ಹತ್ತೇತವ್ವಾ. ಮತ್ತೊಮ್ಮಿ ಬಿಡಿಸಿ ಕೂಡಸಬೇಕು. ತಡಾ ಮಾಡಿದ್ರ ಈ ಕಾಲು ಮಡಚೂದಿಲ್ಲ" ಎಂದರು. ಅದಕ್ಕೆ ಬೇಕಾದಷ್ಟು ಹಣ ನಾವು ಕಣ್ಣಿಂದಲೂ ಕಂಡವರಲ್ಲ.

ಬಸ್ಸಿಗೆ ವಿಮೆ ಇದೆ, ಕಂಪನಿಯವರೇ ಪರಿಹಾರ ಕೊಡಬೇಕು ಎಂದು ವಕೀಲರೊಬ್ಬರು ನಮ್ಮ ಪರವಾಗಿ ರೋಣದ ಕೋರ್ಟಿನಲ್ಲಿ ದಾವೆ ಹಾಕಿದರು. ಜೀವ ಬಂದಂತಾಯಿತು. ಅದೂ ಹೆಚ್ಚು ದಿನ ನಿಲ್ಲಲಿಲ್ಲ. ಬಾಡಿಗೆ ಕೊಟ್ಟು ಕೂತವರಿಗಷ್ಟೇ ನಮ್ಮ ವಿಮೆ, ಈ ಗಂಡಹೆಂಡತಿ ಟಿಕೀಟನ್ನೇ ತೆಗೆಸಿರಲಿಲ್ಲ ಎಂದು ಕಂಪನಿಯ ವಕೀಲ ತಕರಾರು ತೆಗೆದ. ಅದು ನಿಜವೇ ಆಗಿತ್ತು. ಕಂಡಕ್ಟರ್ ನಮ್ಮಿಂದ ಎಂದೂ ರೊಕ್ಕ ಮುಟ್ಟುತ್ತಿರಲಿಲ್ಲ.

ಸಾಕ್ಷಿ ಹೇಳಬೇಕಾದವಳು ನಾನು. ಜಕ್ಕಲಿಯಿಂದ ಬಂದ ನನ್ನಣ್ಣ ಎದುರು ಕೂತು, "ತಂಗಿ, ಟಿಕೀಟ ತಗಸಿದ್ವಿ, ಬಸ್ಸು ಬಿದ್ದಾಗ ಕಳೀತು ಅಂತ ಹೇಳಿಬಿಡು. ಒಂದ ಮಾತು. ಅವನ ಕಾಲು ನೋಡು" ಎಂದ.

"ಆಣಿ ಮಾಡಿಸ್ತಾರಲ್ಲೋ ಅಣ್ಣಾ."

"ಆಣಿ ದೊಡ್ಡದೋ, ಗಂಡ ದೊಡ್ಡಾಂವೋ?"

ಮನೆಯವರು ಗೋಡೆಯ ಕಡೆ ಮುಖ ತಿರುಗಿಸಿ ಮಲಗಿದ್ದರು. "ನೀ ಏನ್ ಹೇಳಿದ್ರೂ ನಾ ಏನೂ ಅನ್ನೂದಿಲ್ಲ" ಎಂದರಷ್ಟೇ. ಆ ಮಾತಿಗಿಂತ ಬೈದಿದ್ದರೆ ವಾಸಿಯಿತ್ತು. ಇಟಗಿಯ ಗುಡಿಗೆ ಹೋಗಿ ಭೀಮಾಂಬಿಕೆ ತಾಯಿಯ ಮುಂದೆ ಬಿದ್ದು ಅತ್ತೆ. ನಾಚಿಕೆ ಬಿಟ್ಟು ಹೇಳುತ್ತೇನೆ, ನಾನು ಬೇಡಿದ್ದು ಸುಳ್ಳು ಹೇಳುವ ಧೈರ್ಯವನ್ನು. "ನನ್ನ ನಾಲಿಗಿ ತಡವರಿಸದಂಗ ಮಾಡವ್ವಾ" ಎಂದೆ.

ಕೋರ್ಟಿನಲ್ಲಿ ಆಣೆ ಮಾಡಿಸಿದರು. ಕಟಕಟೆ ಹಿಡಿದು ನಿಂತೆ. "ಟಿಕೀಟ ತಗಸಿದ್ರೇನು?" ಎಂದು ಕಂಪನಿಯ ವಕೀಲ ಕೇಳಿದ. ಅಣ್ಣ ಹಿಂದಿನ ಬೆಂಚಿನಿಂದ ನನ್ನನ್ನೇ ನೋಡುತ್ತಿದ್ದ. ಕಲಿತ ಮಾತು ಬಾಯಿಗೆ ಬರಲೇ ಇಲ್ಲ. "ಇಲ್ರಿ" ಎಂದುಬಿಟ್ಟೆ. ಕಾಲು ಹೋಯಿತು, ನನ್ನ ಕೈಯಿಂದಲೇ ಹೋಯಿತು ಅನ್ನಿಸಿತು.

ಆತ ನಗುತ್ತ, "ಅಂದ್ರ ಬಿಟ್ಟಿ ಕೂತು ಬಂದ್ರಿ" ಎಂದ.

ಬಿಟ್ಟಿ ಎಂದದ್ದೇ ತಡ, ಅಂಜಿಕೆಯೆಲ್ಲ ಎಲ್ಲಿ ಹೋಯಿತೋ, ಮೈ ಉರಿಯಿತು. "ಬಿಟ್ಟಿ ಕೂತು ಬರೂ ಮಂದಿ ನಾವಲ್ರಿ. ವರ್ಷಾ ಪಂಚಮಿಗೆ ಸಾವ್ಕಾರರ ಮನಿಗೆ ಸೀರಿ ನೇದು ಕೊಡ್ತೀವಿ. ಸೀರಿ ಕೊಡ್ರಿ, ಸಂತಿಗೆ ಹೋಗಿ ಬರೂದು ನಮ್ಮ ಬಸ್ಸಿನ್ಯಾಗ ನಡೀಲಿ ಅಂತ ಅವರೇ ಮಾತಾಡ್ಯಾರ. ನಮ್ಮ ದುಡಿಮಿ ಬಿಟ್ಟಿ ಏನ್ರಿ?"

ಪೀಠದ ಮೇಲಿದ್ದ ಜಡ್ಜ್ ಸಾಹೇಬರು ಬರೆಯುವುದನ್ನು ನಿಲ್ಲಿಸಿ ತಲೆಯೆತ್ತಿದರು. ನಮ್ಮ ವಕೀಲರು ಎದ್ದು ನಿಂತರು. ಸಾವ್ಕಾರರನ್ನು ಕರೆಸಿ ಕೇಳಿದರೆ, "ಖರೇ ಐತ್ರಿ. ಅದನ್ನೂ ಬಾಡಿಗಿ ಅಂತಾರಂತ ನನಗ ಗೊತ್ತಿರಲಿಲ್ರಿ" ಎಂದರು. ನನಗೆ ಮಾತ್ರ ಗೊತ್ತಿತ್ತೇ? ಎರಡು ಮನೆಗಳ ಕೊಡುಕೊಳ್ಳುವ ಬಳಕೆ ಎಂದುಕೊಂಡಿದ್ದೆವು. ಬಾಡಿಗೆ ರೊಕ್ಕದಲ್ಲೇ ಕೊಡಬೇಕೆಂದಿಲ್ಲ, ಸೀರೆಯೂ ಬಾಡಿಗೆಯೇ, ಕಂಪನಿ ಪರಿಹಾರ ಕೊಡತಕ್ಕದ್ದು ಎಂದು ತೀರ್ಪಾಯಿತು. ಕೋರ್ಟಿನ ಮೆಟ್ಟಿಲ ಮೇಲೆ ಕೂತು ಹುಚ್ಚಿಯಂತೆ ಅತ್ತೆ. ಅಣ್ಣ ಸೆರಗು ಸರಿಮಾಡಿ, "ಏಳು, ಮಂದಿ ನೋಡ್ತಾರ" ಎಂದ. ಅವನ ಕಣ್ಣೂ ಒದ್ದೆಯಾಗಿತ್ತು.

ಹುಬ್ಬಳ್ಳಿಯಲ್ಲಿ ಎಲುಬು ಕೂಡಿಸಿದರು. ಕಾಲು ಪೂರ್ತಿ ಮೊದಲಿನಂತಾಗಿಲ್ಲ, ಚಳಿಗೆ ನೋಯುತ್ತದೆ; ಆದರೆ ಮಡಚುತ್ತದೆ, ಕುಣಿಯೊಳಗೆ ಇಳಿಯುತ್ತದೆ. ಬೇಡಿದ್ದನ್ನು ಕೊಡದ ತಾಯಿಗೆ ನಾನು ದಿನಾ ಕೈಮುಗಿಯುತ್ತೇನೆ. ಸುಳ್ಳು ಹೇಳಿ ಗೆದ್ದಿದ್ದರೆ ಇಟಗಿಗೆ ಯಾವ ಮುಖ ಹೊತ್ತು ಹೋಗುತ್ತಿದ್ದೆ? ಈಗ ಅಮಾವಾಸ್ಯೆಗೊಮ್ಮೆ ಹೋಗುತ್ತೇವೆ. ಗುಡಿಯ ಮೆಟ್ಟಿಲ ಬಳಿ ನಾನು ಕೈ ಕೊಡಲು ಹೋದರೆ ಅವರು, "ಬಿಡ, ನಾನ ಹತ್ತತೀನಿ" ಎನ್ನುತ್ತಾರೆ.