ಮಹಾದೇವಕ್ಕ ‘ಸಾಕು’ ಅನ್ನದ ಶಾಟ್

ಮಹಾದೇವಕ್ಕನವರ ಮಾತು ಬಂದಾಗಲೆಲ್ಲ ಅಟ್ಲಾಂಟಾದ ಕೆಲವರು, “ಪಾಪ, ಟೈಮ್‌ಪಾಸ್‌ಗೆ ಒಂದು ಸಿನಿಮಾ ಮಾಡಿದ್ರು” ಅನ್ನುತ್ತಾರೆ. ಕೇಳಿದರೆ ನನಗೆ ಮೈ ಉರಿಯುತ್ತದೆ. ಟೈಮ್‌ಪಾಸಂತೆ! ಆ ಸಿನಿಮಾದ ನಾಯಕಿ ಈ ಇಂದುವೇ ಆದ್ದರಿಂದ, ನಡೆದದ್ದನ್ನು ನಡೆದ ಹಾಗೆ ನಾನೇ ಹೇಳುತ್ತೇನೆ.

ಮಹಾದೇವಕ್ಕ ಗದಗಿನವರು, ಹೈಸ್ಕೂಲಿನಲ್ಲಿ ಗಣಿತದ ಟೀಚರ್. ಪೇಪರ್ ತಿದ್ದಿ ಉಳಿದ ಹೊತ್ತಿನಲ್ಲಿ ಒಂಬತ್ತು ಕಾದಂಬರಿ ಬರೆದರು. ಎಲ್ಲವೂ ವಾರಪತ್ರಿಕೆಗಳಲ್ಲಿ ಧಾರಾವಾಹಿಯಾಗಿ ಬಂದವು. ಒಂಬತ್ತನೆಯದರ ನಾಯಕಿ ಗಿರಿಜೆ ಹೊಲಿಗೆ ಮಾಡಿ ಬದುಕುವ, ಚಿಕ್ಕ ವಯಸ್ಸಿನ ವಿಧವೆ. ಕೊನೆಯ ಕಂತಿನಲ್ಲಿ ಒಬ್ಬ ಒಳ್ಳೆಯ ಮೇಷ್ಟ್ರು ಬಂದು ಅವಳ ಕೈಹಿಡಿಯುತ್ತಾನೆ. ೧೯೮೫ರಲ್ಲಿ ಬೆಂಗಳೂರಿನ ಒಬ್ಬ ನಿರ್ಮಾಪಕ ಅದನ್ನು ಸಿನಿಮಾ ಮಾಡಿದ. ಮಾಡಿ, ಗಿರಿಜೆಗೆ ವಿಷ ಕುಡಿಸಿಬಿಟ್ಟ. “ಅವಳು ಸತ್ರೇನೇ ಅಮ್ಮಾ ಹೆಂಗಸ್ರು ಅಳೋದು, ಥಿಯೇಟರ್ ತುಂಬೋದು” ಅಂದನಂತೆ. ಅವತ್ತು ಥಿಯೇಟರಿನಿಂದ ಮನೆಗೆ ಬಂದ ಮಹಾದೇವಕ್ಕ ಆಮೇಲೆ ಒಂದು ಸಾಲೂ ಬರೆಯಲಿಲ್ಲ. ಗಿರಿಜೆಯನ್ನು ಸಿನಿಮಾದಲ್ಲೇ ಬದುಕಿಸಿ ತೋರಿಸುತ್ತೇನೆ ಎನ್ನುವುದೊಂದೇ ಹಟ ಅವರಲ್ಲಿ ಉಳಿಯಿತು.

ಗಂಡ ಶಿವಶರಣಪ್ಪ ಇಂಜಿನಿಯರ್. ಇಬ್ಬರೂ ೧೯೯೦ರಲ್ಲಿ ಇಲ್ಲಿಗೆ ಬಂದು ಅಟ್ಲಾಂಟಾ ಪಕ್ಕದ ನಾರ್‌ಕ್ರಾಸ್‌ನಲ್ಲಿ ಮನೆ ಮಾಡಿದರು. ಮಹಾದೇವಕ್ಕ ಲೈಬ್ರರಿಯಲ್ಲಿ ಸಿನಿಮಾ ಮಾಡುವುದು ಹೇಗೆ ಎನ್ನುವ ಪುಸ್ತಕಗಳನ್ನೆಲ್ಲ ಗಣಿತದ ಹಾಗೆ ನೋಟ್ಸ್ ಮಾಡಿಕೊಂಡು ಓದಿದರು. ೧೯೯೬ರ ಯುಗಾದಿಗೆ ಕನ್ನಡ ಕೂಟದ ಊಟದಲ್ಲಿ, ಪಂಕ್ತಿಯ ನಡುವೆ ನಿಂತು, ನನ್ನತ್ತ, ಕೂಟದ ಹುಡುಗರತ್ತ ಬೆರಳು ಮಾಡಿ ಹೇಳಿಯೇಬಿಟ್ಟರು:

“ನಾ ಸಿನಿಮಾ ಮಾಡಾಕಿ. ಇಂದು, ನೀನ ಗಿರಿಜಾ. ಪ್ರಶಾಂತ, ನೀ ಮೇಷ್ಟ್ರು. ಹರಿಪ್ರಸಾದ, ಕ್ಯಾಮೆರಾ ನಿಂದು. ಒಲ್ಲೆ ಅನ್ನೋರು ಈಗ ಅಂದುಬಿಡ್ರಿ.”

ಬಾಯಲ್ಲಿ ಅವರೇ ಮಾಡಿದ ಹೋಳಿಗೆ ಇಟ್ಟುಕೊಂಡು ಯಾರು ಒಲ್ಲೆ ಅನ್ನುತ್ತಾರೆ?

ಕಥೆ ಅದೇ, ಊರು ಮಾತ್ರ ಅಟ್ಲಾಂಟಾ. ಗಂಡಸರಿಗೆಲ್ಲ ವಾರವೆಲ್ಲ ಆಫೀಸು, ಹಾಗಾಗಿ ಶನಿವಾರ ಭಾನುವಾರ ಮಾತ್ರ ಶೂಟಿಂಗ್. ಮೊದಲು ಉಪ್ಪಿಟ್ಟು. ನಾವು ತಿನ್ನುವಾಗ ಅವರು ಆ ದಿನದ ದೃಶ್ಯವನ್ನು ಮೂರು ಸಲ ಗಟ್ಟಿಯಾಗಿ ಓದುತ್ತಿದ್ದರು. ಆಮೇಲೆ ಕ್ಯಾಮೆರಾ. ‘ಆ್ಯಕ್ಷನ್’, ‘ಕಟ್’ ಎಲ್ಲ ಇಲ್ಲ. ಶುರುವಿಗೆ “ಹೂಂ, ನಡೀಲಿ”, ನಿಲ್ಲಿಸಲು “ಸಾಕು”. ಆ ‘ಸಾಕು’ ಬರುವವರೆಗೆ ಹರಿಪ್ರಸಾದ ಕಣ್ಣು ಮಿಟುಕಿಸುವ ಹಾಗೂ ಇರಲಿಲ್ಲ.

ನನ್ನ ಕಥೆಯನ್ನೂ ಒಂದಿಷ್ಟು ಹೇಳಬೇಕು. ನಾನು ಮೈಸೂರಿನವಳು. ನನ್ನದು ಡಿಪೆಂಡೆಂಟ್ ವೀಸಾ, ಕೆಲಸ ಮಾಡುವ ಹಾಗಿಲ್ಲ. ಡ್ರೈವಿಂಗ್ ಟೆಸ್ಟ್‌ನಲ್ಲಿ ಎರಡು ಸಲ ಫೇಲ್ ಬೇರೆ. ನನ್ನ ಗಂಡ ಗೋಪಿನಾಥ, “ಬಿಡೇ, ನಾನಿಲ್ವಾ, ಎಲ್ಲಿಗೆ ಬೇಕೋ ಡ್ರಾಪ್ ಮಾಡ್ತೀನಿ” ಅನ್ನುತ್ತಿದ್ದ. ಒಳ್ಳೆಯ ಮನಸ್ಸಿನಿಂದಲೇ ಅನ್ನುತ್ತಿದ್ದ. ಆದರೂ ಒಂದು ಕಟ್ಟು ಕೊತ್ತಂಬರಿ ಸೊಪ್ಪು ತರಲು ಶನಿವಾರದವರೆಗೆ ಕಾಯುವುದು ನನಗೆ ಸಾಕಾಗಿಹೋಗಿತ್ತು.

ಸೆಪ್ಟೆಂಬರ್ ಹೊತ್ತಿಗೆ ಕೊನೆಯ ದೃಶ್ಯ ಬಿಟ್ಟು ಎಲ್ಲ ಮುಗಿದಿತ್ತು. ನವೆಂಬರ್ ಮೊದಲ ಶನಿವಾರ ವಾಷಿಂಗ್ಟನ್ ಪಕ್ಕದ ಮೇರಿಲ್ಯಾಂಡಿನಲ್ಲಿ ರಾಜ್ಯೋತ್ಸವ, ಅಲ್ಲೇ ಪ್ರದರ್ಶನ. ಕರಪತ್ರ ಅಚ್ಚಾಗಿ ಊರೂರಿಗೆ ಹೋಗಿಯೂ ಆಗಿತ್ತು. ಪ್ರಶಾಂತ್ ಮೂರು ವಾರ ಬೆಂಗಳೂರಿಗೆ ಹೋಗಿಬರುತ್ತೇನೆ ಅಂದ. ಮಹಾದೇವಕ್ಕ ಸರಿ ಎಂದು, “ಮೀಸಿ ಮಾತ್ರ ಮುಟ್ಟಬ್ಯಾಡ” ಅಂತ ಎಚ್ಚರಿಸಿ ಕಳಿಸಿದರು.

ಪುಣ್ಯಾತ್ಮ ಅಕ್ಟೋಬರ್ ಮಧ್ಯದಲ್ಲಿ ವಾಪಸ್ ಬಂದ. ತಲೆಯ ಮೇಲಿನ ಟೋಪಿ ತೆಗೆದರೆ ನುಣ್ಣಗೆ ಬೋಳು. ಗ್ರೀನ್ ಕಾರ್ಡ್ ಬಂದರೆ ತಿರುಪತಿಯಲ್ಲಿ ಮುಡಿ ಕೊಡುತ್ತೇನೆ ಎಂದು ಹರಕೆ ಹೊತ್ತಿದ್ದನಂತೆ. ಗ್ರೀನ್ ಕಾರ್ಡ್ ಬಂದಿತ್ತು.

“ಮೀಸೆ ಹಾಗೇ ಇದೆ ನೋಡಿ ಅಕ್ಕಾ” ಅಂದ, ಮೆಲ್ಲಗೆ.

ಮಹಾದೇವಕ್ಕ ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು, ಕೊನೆಯ ದೃಶ್ಯದ ಹಾಳೆ ಮಡಚಿಟ್ಟು ಸೋಫಾದ ಮೇಲೆ ಕೂತರು. ವಿಗ್ ತಂದು ನೋಡಿದೆವು, ಪ್ರಶಾಂತನ ತಲೆಯ ಮೇಲೆ ಬೆಕ್ಕು ಮಲಗಿದ ಹಾಗಿತ್ತು. ಕೊನೆಗೆ ಹರಿಪ್ರಸಾದ ಬಾಯಿಬಿಟ್ಟ:

“ಅಕ್ಕಾ, ಒಂದು ಐಡಿಯಾ. ಗಿರಿಜೇನ ಸಾಯಿಸಿಬಿಟ್ರೆ? ಫೋಟೋಗೆ ಒಂದು ಹಾರ ಹಾಕಿದ್ರೆ ಆಯ್ತು, ಹೀರೋನೇ ಬೇಕಾಗಲ್ಲ.”

ಹೋದ್ಯಾ ಪಿಶಾಚಿ ಅಂದರೆ ಬಂದೆ ಗವಾಕ್ಷೀಲಿ ಅಂತ ಇದಕ್ಕೇ ಹೇಳುವುದು. ಹನ್ನೊಂದು ವರ್ಷ, ಒಂಬತ್ತು ಸಾವಿರ ಮೈಲಿ ದಾಟಿ ಆ ವಿಷದ ಬಟ್ಟಲು ನಾರ್‌ಕ್ರಾಸ್‌ವರೆಗೆ ಬಂದಿತ್ತು. ನನಗೆ ಅಳು ಬಂತು.

ಮಹಾದೇವಕ್ಕ ಎದ್ದು ಅಡಿಗೆಮನೆಗೆ ಹೋದರು. ಹನ್ನೊಂದು ವರ್ಷದ ಮೇಲೆ ಮೊದಲ ಸಲ ಹೊಸದಾಗಿ ಬರೆದರು, ಒಂದೇ ಪುಟ. ಬಂದು ಮೂರು ಸಲ ಓದಿದರು. ಗಿರಿಜೆ ಹೊಲಿಗೆ ಮಷೀನನ್ನು ಕಾರಿಗೆ ಹಾಕಿಕೊಳ್ಳುತ್ತಾಳೆ. ತಾನೇ ಕಾರು ಓಡಿಸಿಕೊಂಡು ಹೋಗುತ್ತಾಳೆ. ಅಷ್ಟೇ.

“ಇಂದುಗೆ ಡ್ರೈವಿಂಗ್ ಬರಲ್ವಲ್ಲ ಅಕ್ಕಾ” ಅಂದ ಗೋಪಿನಾಥ. “ಬೇರೆ ಯಾರಿಗಾದ್ರೂ ಅವಳ ಸೀರೆ ಉಡಿಸಿ, ಹಿಂದಿನಿಂದ ತೆಗೆದ್ರಾಯ್ತು.”

“ಮಾರಿ ಕಾಣಬೇಕು” ಅಂದರು ಮಹಾದೇವಕ್ಕ. “ಹತ್ತು ದಿನ ಐತಿ. ದಿನಾ ನಾ ಕಲಿಸ್ತೀನಿ.”

ಕಲಿಸಿದರು. ಗಣಿತ ಕಲಿಸಿದ ಹಾಗೆಯೇ, ಬೈದು ಬೈದು.

ಶೂಟಿಂಗ್ ಒಂದು ಚರ್ಚಿನ ಖಾಲಿ ಪಾರ್ಕಿಂಗ್ ಲಾಟಿನಲ್ಲಿ, ಪ್ರದರ್ಶನಕ್ಕೆ ಒಂದು ವಾರ ಮೊದಲು, ಶನಿವಾರ ಬೆಳಿಗ್ಗೆ. ನನ್ನ ಬಳಿ ಇದ್ದದ್ದು ಲರ್ನರ್ ಪರ್ಮಿಟ್, ಪಕ್ಕದಲ್ಲಿ ಲೈಸೆನ್ಸ್ ಇರುವವರು ಇರಲೇಬೇಕು. ಆದರೆ ಗಿರಿಜೆ ಒಂಟಿ. ಐವತ್ತೆರಡು ವರ್ಷದ ನಿರ್ದೇಶಕಿ ಇಳಕಲ್ ಸೀರೆ ಎತ್ತಿ ಸಿಕ್ಕಿಸಿಕೊಂಡು, ನನ್ನ ಪಕ್ಕದ ಸೀಟಿನೆದುರು ಕಾಲಿಡುವ ಜಾಗದಲ್ಲಿ ಮುದುಡಿ ಕೂತರು. ಅಲ್ಲಿಂದ ಅವರಿಗೆ ಕ್ಯಾಮೆರಾ ಕಾಣದು, ರಸ್ತೆ ಕಾಣದು. ಕಾಣುತ್ತಿದ್ದದ್ದು ನನ್ನ ಮುಖ ಒಂದೇ.

“ಹೂಂ, ನಡೀಲಿ.”

ಲಾಟಿನ ಅಂಚಿನಲ್ಲಿ, ಕ್ಯಾಮೆರಾ ಹಿಡಿದ ಹರಿಪ್ರಸಾದನ ಪಕ್ಕ ನಿಲ್ಲಿಸಬೇಕು ಎಂದು ಮಾತಾಗಿತ್ತು. ನಾನು ‘ಸಾಕು’ ಬರಲಿ ಎಂದು ಕಾದೆ. ಅಂಚು ಬಂತು. ಕೆಳಗೆ ನೋಡಿದೆ. ಮಹಾದೇವಕ್ಕ ನನ್ನನ್ನೇ ನೋಡುತ್ತ ತುಟಿ ಬಿಗಿಹಿಡಿದು ಕೂತಿದ್ದರು. ಇಂಡಿಕೇಟರ್ ಹಾಕಿದೆ, ಎಡಕ್ಕೂ ಬಲಕ್ಕೂ ನೋಡಿದೆ, ರಸ್ತೆಗೆ ಇಳಿದೆ. ಹೆದರಿಕೆ ಎಲ್ಲಿ ಹೋಯಿತೋ ಗೊತ್ತಿಲ್ಲ. ಹಿಂದೆ ಹರಿಪ್ರಸಾದ, ಕಾರು ಮರೆಯಾದ ಮೇಲೂ ಖಾಲಿ ರಸ್ತೆಯನ್ನು ತೆಗೆಯುತ್ತಲೇ ನಿಂತಿದ್ದನಂತೆ.

ಮರುವಾರ ಮಂಗಳವಾರ ಟೆಸ್ಟ್ ಪಾಸಾದೆ.

ಮೇರಿಲ್ಯಾಂಡಿನ ಆ ಶಾಲೆಯ ಸಭಾಂಗಣ ತುಂಬಿತ್ತು. ಕೊನೆಗೆ ಖಾಲಿ ರಸ್ತೆ ಕಾಣಿಸಿ ದೀಪ ಹತ್ತಿತು. ಆಮೇಲೆ ಹಿರಿಯರೊಬ್ಬರು, ಬಸವಂತಪ್ಪ ಅಂತ, ಎದ್ದು ನಿಂತರು.

“ಕಾದಂಬರಿ ನಾ ಓದೇನ್ರಿ. ಅದರಾಗ ಆಕಿ ಮದುವಿ ಆಗ್ತಾಳ. ಕತಿ ಬದಲಿ ಮಾಡಿದವರು ಯಾರು?”

“ನಾನ” ಅಂದರು ಮಹಾದೇವಕ್ಕ. “ಬರದಾಕಿ ತಪ್ಪು ಮಾಡಿದ್ದಳು, ತಿದ್ದಿದೆ.”

ಆ ಚಪ್ಪಾಳೆ ಇನ್ನೂ ನನ್ನ ಕಿವಿಯಲ್ಲಿದೆ. ಮುಂದಿನ ಮೂರು ವರ್ಷದಲ್ಲಿ ಅವರು ಇನ್ನೆರಡು ಸಿನಿಮಾ ಮಾಡಿದರು, ಮತ್ತೆ ಕಾದಂಬರಿಯನ್ನೂ ಬರೆದರು. ಟೈಮ್‌ಪಾಸ್ ಅನ್ನುವವರು ಅವನ್ನು ನೋಡಲಿ, ಓದಲಿ.

ಭಾನುವಾರ ವಾಪಸ್ ಬರುವಾಗ ಉತ್ತರ, ದಕ್ಷಿಣ ಕ್ಯಾರೊಲೈನಾಗಳ ಉದ್ದಕ್ಕೂ ಕಾರು ನಡೆಸಿದವಳು ನಾನು. ಹಿಂದಿನ ಸೀಟಿನಲ್ಲಿ ಗೋಪಿನಾಥ, ಶಿವಶರಣಪ್ಪ ಇಬ್ಬರೂ ನಿದ್ದೆ ಹೋಗಿದ್ದರು. ಷಾರ್ಲೆಟ್ ನಗರ ದಾಟಿದ ಮೇಲೆ ಮಹಾದೇವಕ್ಕ ತಾವಾಗಿಯೇ ಹೇಳಿದರು:

“ಆ ನಿರ್ಮಾಪಕಗ ಹನ್ನೊಂದು ವರ್ಷ ಬೈದೆ, ಇಂದು. ಅಂವ ಆಕೀನ್ನ ಕೊಂದ, ನಾ ಆಕಿಗೆ ಮದುವಿ ಮಾಡಿದೆ. ನಿನಗೇನ ಬೇಕವಾ ಅಂತ ಇಬ್ಬರೂ ಕೇಳಿರಲಿಲ್ಲ.”