ತಿದ್ದಿದ ಮಾತು

ಕಮಲಾಪುರದ ಶಾಲೆಯಲ್ಲಿ ಕನ್ನಡ ಕಲಿಸುವಾಗ ನನಗೊಂದೇ ಹಟ. ಹುಡುಗರು ‘ಹೋಗ್ಯಾನ’ ಅಂದರೆ ಅಲ್ಲೇ ತಡೆದು ‘ಹೋಗಿದ್ದಾನೆ’ ಅನ್ನಿಸುತ್ತಿದ್ದೆ. ನಾನು ಸತ್ತ ಮೇಲೂ ನನ್ನ ಕನ್ನಡ ಅವರ ನಾಲಿಗೆಯ ಮೇಲಿರಬೇಕೆಂಬ ಆಸೆ.

ನಿವೃತ್ತನಾದ ಮೇಲೆ ಕಲಬುರಗಿಯ ನೆಹರು ಗಂಜ್‌ನಲ್ಲಿ ತೊಗರಿಬೇಳೆ ಕೊಳ್ಳುತ್ತಿದ್ದಾಗ ಹಳೆಯ ಶಿಷ್ಯನೊಬ್ಬ ಕಾಲಿಗೆ ಬಿದ್ದ. “ಕಾಲೇಜಿನಲ್ಲಿ ಉಪನ್ಯಾಸಕನಾಗಿದ್ದೇನೆ, ಸರ್. ಎಲ್ಲ ತಮ್ಮ ಆಶೀರ್ವಾದ.” ಒಂದಕ್ಷರ ತಪ್ಪಿರಲಿಲ್ಲ. ನನ್ನ ಎದೆ ಉಬ್ಬಿತು.

ಅವನು ಆಟೋ ಕರೆಯಲು ಹೋದಾಗ, ಜೊತೆಗಿದ್ದ ಅವನ ತಾಯಿ ಮೆಲ್ಲಗೆ ಅಂದರು: “ಭಾಳ ಛಂದ ಕಲಿಸೀರಿ ಸರ್. ನಾ ಬಾಯಿ ತೆಗದ್ರ ಸಾಕು, ಸೊಸಿ ಮುಂದ ಥೇಟ್ ನಿಮ್ಮಂಗೇ ತಿದ್ದತಾನ. ಅದಕ್ಕ ನಾ ಮನ್ಯಾಗ ಮಾತಾಡೂದೇ ಬಿಟ್ಟೀನ್ರಿ.”

ಕಮಲಾಪುರದಲ್ಲಿ ನಾನು ಹಾಗೆ ತಿದ್ದಿ ಕಳಿಸಿದ್ದು ಅವನೊಬ್ಬನನ್ನೇ ಅಲ್ಲ.